ಅಕೆಲೆ ಗುಜಾಯ್ ನಮ್ಮೂರಿಗೆ ಬಂದ ವರ್ಷ

ಆಗಿನ ದಿನಗಳಲ್ಲಿ, ಸಂತೆಗೆ ಹೊರಡುವ ಹಿಂದಿನ ಸಂಜೆಯೇ ನಮ್ಮ ಮನೆಯಲ್ಲಿ ಜಡೆ ಹೆಣೆಯುವ ಗಲಾಟೆ ಶುರುವಾಗುತ್ತಿತ್ತು. ನಮ್ಮ ಕೂದಲಿಗೆ ಪೇಟೆಯ ಬಾಚಣಿಗೆ ಹತ್ತುತ್ತಿರಲಿಲ್ಲ. ಹತ್ತಿಸಿದರೆ ಅದರ ಹಲ್ಲೇ ಮುರಿಯುತ್ತಿತ್ತು. ಅಜ್ಜಿ ನನ್ನನ್ನು ಮೊಣಕಾಲುಗಳ ನಡುವೆ ಕೂಡಿಸಿಕೊಂಡು, ತಲೆಗೆ ಎಣ್ಣೆ ಸುರಿದು, ಹಣೆಯಿಂದ ಕುತ್ತಿಗೆಯವರೆಗೆ ನೇಗಿಲು ಹೊಡೆದ ಸಾಲುಗಳ ಹಾಗೆ ಸಣ್ಣ ಸಣ್ಣ ಜಡೆಗಳನ್ನು ತಲೆಗೆ ಅಂಟಿಸಿಯೇ ಹೆಣೆಯುತ್ತಿದ್ದಳು. ನಾನು ನೋವಿಗೆ ಅರಚುತ್ತಿದ್ದೆ. ಅವಳು ಅದಕ್ಕಿಂತ ಎತ್ತರದ ದನಿಯಲ್ಲಿ ಹಾಡುತ್ತಿದ್ದಳು. ಎಣ್ಣೆಯ ವಾಸನೆ, ಒಲೆಯ ಮೇಲಿನ ಒಣಮೀನಿನ ವಾಸನೆ, ಅಜ್ಜಿಯ ಎಲೆಯಡಿಕೆಯ ವಾಸನೆ ಎಲ್ಲ ಸೇರಿ ಒಂದಾಗಿ ನನ್ನ ಮೂಗಿನಲ್ಲಿ ಇವತ್ತಿಗೂ ಇದೆ.

ಎಪ್ಪತ್ತರ ದಶಕ ಮುಗಿಯುತ್ತ ಬಂದಿದ್ದ ಕಾಲ ಅದು. ದಾಂಡೇಲಿ ರಸ್ತೆಯಿಂದ ಒಳಕ್ಕೆ, ಸಾಗವಾನಿ ಕಾಡು ಮುಗಿದು ಗದ್ದೆ ಶುರುವಾಗುವ ಅಂಚಿನಲ್ಲಿ ನಮ್ಮ ಸಿದ್ದಿವಾಡ. ಸಿದ್ದಿಗಳೆಂದರೆ ಯಾವುದೋ ಕಾಲದಲ್ಲಿ ಆಫ್ರಿಕಾದಿಂದ ಹಡಗಿನಲ್ಲಿ ಬಂದಿಳಿದವರ ಮಕ್ಕಳು ಮೊಮ್ಮಕ್ಕಳು. ನಮ್ಮದು ಕ್ರೈಸ್ತರ ಮನೆ. ಗದ್ದೆಯಾಚೆ ಮುಸಲ್ಮಾನ ಸಿದ್ದಿಗಳಿದ್ದರು. ಮನೆಯಲ್ಲಿ ಆಡುತ್ತಿದ್ದುದು ಕೊಂಕಣಿಯಾದರೂ ಆ ಮಾತುಗಳೆಲ್ಲ ಈಗ ನನಗೆ ಕನ್ನಡದಲ್ಲೇ ನೆನಪಾಗುತ್ತವೆ. ಅಪ್ಪ ಬಸ್ತ್ಯಾಂವ ಮಳೆಗಾಲದಲ್ಲಿ ಊರಗೌಡರ ಗದ್ದೆಯಲ್ಲಿ ದುಡಿಯುತ್ತಿದ್ದ, ಬೇಸಗೆಯಲ್ಲಿ ಕುಳಗಿ ಕಡೆ ಬಿದಿರು ಕಡಿಯಲು ಹೋಗುತ್ತಿದ್ದ. ನಮ್ಮದೆಂದು ಇದ್ದುದು ಕಾಡಿನಂಚಿನ ಒಂದು ತುಂಡು ನೆಲ. ಅಜ್ಜಿ ಮದುವೆಯಾಗಿ ಬಂದಾಗ ಇನ್ನೂ ಬಹಳ ಇತ್ತಂತೆ. ಹೇಗೆ ಹೋಯಿತು ಎಂದು ಕೇಳಿದರೆ ಅವಳು "ಹೋತು" ಎಂದಷ್ಟೇ ಹೇಳಿ ಮಾತು ತಿರುಗಿಸುತ್ತಿದ್ದಳು.

ದಸರೆಯ ಹೊತ್ತಿನ ಒಂದು ಸಂತೆ. ಹಳಿಯಾಳದಲ್ಲಿ ಅಜ್ಜಿ ಜೇನಿನ ಗಡಿಗೆ ಇಟ್ಟುಕೊಂಡು ಕೂತಿದ್ದಳು. ನಾನು ಗಿರಮಿಟ್ಟಿನ ಪೊಟ್ಟಣ ಹಿಡಿದು ಬಳೆಗಾರನ ಮುಂದೆ ನಿಂತು ಹಸಿರು ಬಳೆ ನೋಡುತ್ತಿದ್ದೆ. ಹಿಂದಿನಿಂದ ಯಾರೋ ನನ್ನ ಹೆಗಲ ಮೇಲೆ ಕೈಯಿಟ್ಟು, ಬಹಳ ಪ್ರೀತಿಯಿಂದ,

"ಕೆಮೆಯ್ ಅಲೆಕಿ, ಗ್ವಾಲೆಯ್?" ಎಂದರು.

ತಿರುಗಿ ನೋಡಿದೆ. ಎತ್ತರದ ಹೆಂಗಸು. ಇಳಕಲ್ ಸೀರೆ, ಹಣೆಗೆ ವಿಭೂತಿ. ನೋಡಿದರೆ ನಮ್ಮ ಸೀಮೆಯ ಲಿಂಗಾಯತರ ಮನೆಯವರೇ. ಆದರೆ ಬಾಯಲ್ಲಿ ಬಂದ ಮಾತು ಕನ್ನಡವಲ್ಲ, ಕೊಂಕಣಿಯಲ್ಲ, ಉರ್ದುವೂ ಅಲ್ಲ. ನನ್ನ ಮುಖ ಕಂಡೊಡನೆ ಅವರು ಬೆಚ್ಚಿದರು. ಮರುಕ್ಷಣ ಸಂತೆಯೆಲ್ಲ ತಿರುಗಿ ನೋಡುವ ಹಾಗೆ ನಕ್ಕುಬಿಟ್ಟರು.

"ಅಯ್ಯ ಶಿವನ! ತಪ್ಪಾತವಾ. ಹಿಂದಿಂದ ನಿನ್ನ ತಲಿ ನೋಡಿ, ನಾ ಎಲ್ಲಿದ್ದೇನಿ ಅನ್ನೂದ ಮರತಬಿಟ್ನಿ."

"ಏನಂದ್ರಿ ನನಗ? ಬೈದ್ರೇನು?"

"ಬೈತಾರೇನ ಹುಚ್ಚಿ? ಹೆಂಗದೀ ಮಗಳ ಅಂತ ಕೇಳಿದ್ನಿ."

"ಅದ್ಯಾವ ಮಾತ್ರಿ?"

"ತಿಗ್ರಿನ್ಯಾ ಅಂತ. ಸಮುದ್ರ ದಾಟಿ ಹೋಗಬೇಕು, ಆಮ್ಯಾಲ ಮುಗಲ ಮುಟ್ಟೂವಂಥಾ ಗುಡ್ಡ ಹತ್ತಬೇಕು. ಅಲ್ಲಿ ಮಂದೀ ಮಾತು. ನಾ ಅಲ್ಲಿ ಭಾಳ ವರ್ಷ ಸಾಲಿ ಕಲಿಸೇನಿ. ಅಲ್ಲಿ ಹೆಣ್ಣಮಕ್ಕಳು ಹಿಂಗ ಜಡಿ ಹಾಕ್ಕೊಂತಾರ ನೋಡು."

ಅಷ್ಟು ಹೊತ್ತಿಗೆ ಅಜ್ಜಿ ಎದ್ದು ಬಂದು ನನ್ನ ರಟ್ಟೆ ಹಿಡಿದಾಗಿತ್ತು. ಗೊತ್ತಿಲ್ಲದ ಹೆಂಗಸು ಮೊಮ್ಮಗಳ ತಲೆ ಸವರುತ್ತಿದ್ದರೆ ಯಾವ ಅಜ್ಜಿ ಸುಮ್ಮನಿರುತ್ತಾಳೆ? ಆದರೆ ಆ ಹೆಂಗಸು ನಮ್ಮ ಗೋಣಿತಾಟಿನ ಮೇಲೆ ಬಂದು ಕೂತು, ಜೇನು ನೆಕ್ಕಿ ನೋಡಿ, "ಅಲ್ಲೀ ಜೇನೂ ಹಿಂಗ ಇರತಿತ್ತು" ಎಂದು ಕಣ್ಣು ಮುಚ್ಚಿದರು. ಜೇನು ಹೊಗಳಿದವರ ಮೇಲೆ ಅಜ್ಜಿಗೆ ಸಿಟ್ಟು ನಿಲ್ಲುತ್ತಿರಲಿಲ್ಲ. "ಯಾರ ಪೈಕಿರೀ ನೀವು?" ಎಂದು ಕೇಳಿದಳು. ಅವರು ನೀಲವ್ವ. ನಮ್ಮ ಶಾಲೆಯ ಊರಿನವರೇ. ಗಂಡ ಹೆಂಡತಿ ಇಬ್ಬರೂ ಮಾಸ್ತರಿಕೆಗೆಂದು ಆ ದೇಶಕ್ಕೆ ಹೋಗಿದ್ದರಂತೆ. ಗಂಡ ಅಲ್ಲೇ ಕಾಯಿಲೆಯಿಂದ ತೀರಿಹೋದರು. ಆಮೇಲೆ ಅಲ್ಲಿ ಸ್ವಾತಂತ್ರ್ಯದ ಯುದ್ಧ ಜೋರಾಗಿ ಶಾಲೆ ಮುಚ್ಚಿತು. ನೀಲವ್ವ ಅಣ್ಣನ ಮನೆಗೆ ವಾಪಸು ಬಂದಿದ್ದರು.

ರಜೆ ಮುಗಿಸಿ ಶಾಲೆಗೆ ಹೋದರೆ ನಮ್ಮ ವರ್ಗದಲ್ಲಿ ಅವರೇ ನಿಂತಿದ್ದರು. ಇತಿಹಾಸ ಕಲಿಸುವ ಮಾಸ್ತರಿಗೆ ಬೇರೆ ಊರಿಗೆ ವರ್ಗವಾಗಿತ್ತು. ಹೊಸಬರು ಬರುವ ತನಕ ಎಂದು ಹೆಡ್‌ಮಾಸ್ತರು ಇವರನ್ನು ಕರೆಸಿದ್ದರು. ಕಲಿಸುವ ಹೆಂಗಸರನ್ನು ನಮ್ಮ ಕಡೆ ಅಕ್ಕೋರು ಎನ್ನುತ್ತಾರೆ; ಅವತ್ತಿನಿಂದ ಅವರು ನಮಗೆ ನೀಲಕ್ಕೋರು.

ಶಾಲೆಯಲ್ಲಿ ನನಗೆ ಇನ್ನೊಂದು ಹೆಸರಿತ್ತು. ಹಾಜರಿಯಲ್ಲಿ ಫಿಲೋಮಿನಾ, ಮನೆಯಲ್ಲಿ ಫಿಲ್ಲು, ಆಟದ ಬಯಲಿನಲ್ಲಿ 'ಹಬಶಿ'. ಖೋಖೋದಲ್ಲಿ ನಾನು ಓಡಿಸಿ ಹಿಡಿದರೆ ಸಿಟ್ಟಿಗೆ ಅದನ್ನೇ ಕೂಗುತ್ತಿದ್ದರು. ಮೊದಲ ವಾರವೇ ಅದು ಅಕ್ಕೋರ ಕಿವಿಗೆ ಬಿತ್ತು. ಅವರು ಯಾರನ್ನೂ ಹೊಡೆಯಲಿಲ್ಲ. ಕೂಗಿದ್ದ ಬಸುನನ್ನು ಕರೆದರು. ಬಸು ಊರಗೌಡರ ಮಗ, ವರ್ಗದ ಮುಂದಾಳು.

"ಹಬಶಿ ಅಂದ್ರ ಏನೋ?"

ಬಸು ತಲೆ ಕೆರೆದ. "ಕರ್ರಗಿದ್ದವ್ರಿಗೆ ಅಂತಾರ್ರಿ."

"ಅಲ್ಲ. ನಾ ಇದ್ದ ಊರಿನ ಮಂದಿ ತಮ್ಮನ್ನ ತಾವ ಹಬೆಶಾ ಅಂತ ಕರಕೊಂತಾರ. ಎದಿ ಉಬ್ಬಿಸಿ ಕರಕೊಂತಾರ. ಅದನ್ನ ಬೈಗಳಾ ಮಾಡಿದವ್ರು ನಾವು. ಕುಂದ್ರು, ಹೇಳತೇನಿ."

ಹಾಗೆ ಶುರುವಾದದ್ದು ಆ ಕತೆ. ಶನಿವಾರ ಬೆಳಗಿನ ಶಾಲೆಯ ಕೊನೆಯ ತಾಸು ಅದಕ್ಕೇ ಮೀಸಲಾಯಿತು. ಅಕ್ಕೋರು ಹಲಗೆಯ ತುಂಬ ಸೀಮೆಸುಣ್ಣದಿಂದ ಬರೆಯುತ್ತಿದ್ದರು. ಇದು ಕೆಂಪು ಸಮುದ್ರ. ಇದು ಆಫ್ರಿಕಾದ ದಂಡೆ, ಸುಡು ಬಿಸಿಲು. ಇಲ್ಲಿಂದ ಗೋಡೆಯ ಹಾಗೆ ಎದ್ದ ಗುಡ್ಡ. ಗುಡ್ಡದ ನೆತ್ತಿಯ ಮೇಲೆ ತಣ್ಣಗಿನ ಬಯಲು, ಅಲ್ಲಿ ತಿಗ್ರಿನ್ಯಾ ಜನರ ಮೂರು ಪ್ರಾಂತಗಳು: ಹಮಾಸಿಯೆನ್, ಸೆರಾಯೆ, ಅಕೆಲೆ ಗುಜಾಯ್. ಅಕ್ಕೋರು ಇದ್ದದ್ದು ಈ ಮೂರನೆಯದರಲ್ಲಿ.

ಹೆಸರು ಕೇಳಿಯೇ ನಮಗೆ ನಗು ಬಂತು. ಅಕೆಲೆ ಮತ್ತು ಗುಜಾಯ್ ಎಂಬ ಇಬ್ಬರು ಅಣ್ಣತಮ್ಮಂದಿರ ವಂಶದವರು ತಾವು ಎಂದು ಅಲ್ಲಿನ ಹಿರಿಯರು ಹೇಳುತ್ತಿದ್ದರಂತೆ. ಅದನ್ನು ಕೇಳಿದ್ದೇ ತಡ, ಕುಂಟಾಬಿಲ್ಲೆ ಆಡುವಾಗ ಹುಡುಗಿಯರಿಗೆ ಹೊಸ ಹಾಡು ಸಿಕ್ಕಿತು. "ಅಕೆಲೆ ಬಂದಾ, ಗುಜಾಯ್ ಬಂದಾ, ಗುಡ್ಡದ ಮ್ಯಾಗಿನ ಜೇನ ತಂದಾ" ಎಂದು ಕುಂಟುತ್ತ ಕುಂಟುತ್ತ ಮನೆ ದಾಟುತ್ತಿದ್ದೆವು. ಬೆಳಿಗ್ಗೆ ಎದುರಾದರೆ ಒಬ್ಬರಿಗೊಬ್ಬರು "ಕೆಮೆಯ್ ಅಲೆಕಿ?" ಎನ್ನುವುದು, "ಛಲೋ ಅಲೆಕಿ!" ಎಂದು ಉತ್ತರಿಸುವುದು.

ಅಲ್ಲಿ ಸಾವಿರಾರು ವರ್ಷ ಹಳೆಯ ಕಲ್ಲಿನ ಕಂಬಗಳಿದ್ದವಂತೆ. ಆ ಕಾಲದಲ್ಲೇ ನಮ್ಮ ದೇಶದ ಹತ್ತಿಬಟ್ಟೆ ಹಡಗಿನಲ್ಲಿ ಹೋಗಿ, ಕತ್ತೆ ಒಂಟೆಗಳ ಬೆನ್ನೇರಿ ಆ ಗುಡ್ಡ ಹತ್ತುತ್ತಿತ್ತಂತೆ. ಇಗರ್ಜಿ ಮಸೀದಿಗಳು ಅಕ್ಕಪಕ್ಕ ಇದ್ದವಂತೆ. ಬೇಸಗೆಯಲ್ಲಿ ಮಕ್ಕಳೆಲ್ಲ ಕಳ್ಳಿಹಣ್ಣು ತಿಂದು ತುಟಿ ಕೆಂಪು ಮಾಡಿಕೊಳ್ಳುತ್ತಿದ್ದರಂತೆ. ಇದನ್ನು ಕೇಳಿ ನಾವು ಬೇಲಿಯ ಡಬಗಳ್ಳಿ ಹಣ್ಣು ಕಿತ್ತು, ಕಲ್ಲಿಗೆ ತಿಕ್ಕಿ ಮುಳ್ಳು ತೆಗೆದು ಅಕ್ಕೋರಿಗೆ ಕೊಟ್ಟೆವು. ಅವರು ನಮ್ಮೆದುರೇ ತಿಂದು ನಾಲಿಗೆ ಚಾಚಿ ತೋರಿಸಿದರು. ಕೆಂಪಗಿತ್ತು.

ನನಗೆ ಬಹಳ ಹಿಡಿಸಿದ್ದು ಹೊಲದ ಸಂಗತಿ. ಆ ಸೀಮೆಯ ಎಷ್ಟೋ ಹಳ್ಳಿಗಳಲ್ಲಿ ಹೊಲ ಯಾರೊಬ್ಬರದೂ ಅಲ್ಲ, ಊರಿನದು. ಕೆಲವು ವರ್ಷಕ್ಕೊಮ್ಮೆ ಹಿರಿಯರು ಅತ್ತಿಯ ಜಾತಿಯ ದೊಡ್ಡ ಮರದ ಕೆಳಗೆ ಸಭೆ ಸೇರಿ, ಚೀಟಿ ಎತ್ತಿದ ಹಾಗೆ ಮಾಡಿ, ಮನೆಮನೆಗೆ ಹೊಲ ಹಂಚುತ್ತಿದ್ದರು. ಒಳ್ಳೆಯ ಹೊಲ ಒಮ್ಮೆ ನಿನಗೆ ಬಂದರೆ ಮುಂದೊಮ್ಮೆ ನನಗೆ.

"ನಮ್ಮೂರಾಗೂ ಹಂಗ ಮಾಡಿದ್ರ, ಅಕ್ಕೋರ?" ಎಂದು ನಾನು ಕೇಳಿದೆ.

ಬಸು ತಟ್ಟನೆ ಎದ್ದು ನಿಂತ. "ನಮ್ಮಪ್ಪನ ಮುಂದ ಮಾತ್ರ ಹೇಳಬ್ಯಾಡ್ರಿ!"

ವರ್ಗವೆಲ್ಲ ನಕ್ಕಿತು. ಅಕ್ಕೋರೂ ನಕ್ಕರು. ಬಸುವೂ ನಕ್ಕ.

ಚಳಿ ಬಿದ್ದಾಗ ಶಾಲೆಯಲ್ಲಿ ಗ್ಯಾದರಿಂಗಿನ ಮಾತು ಬಂತು. ವರ್ಷಕ್ಕೊಮ್ಮೆ ಹಾಡು, ಕುಣಿತ, ನಾಟಕ. ಪ್ರತಿವರ್ಷ ಪುರಾಣದ ಕತೆಯೇ. ಪ್ರತಿವರ್ಷ ಸಿದ್ದಿ ಹುಡುಗರಿಗೆ ರಾಕ್ಷಸರ ಪಾರ್ಟೇ. ಹಿಂದಿನ ವರ್ಷ ನನಗೂ ಅದನ್ನೇ ಕೊಟ್ಟಿದ್ದರು. "ನಿನಗ ಬಣ್ಣಾ ಹಚ್ಚೂ ಕೆಲಸಾನೂ ಇಲ್ಲ" ಎಂದು ಯಾರೋ ಅಂದಿದ್ದರು. ನಾನು ಜ್ವರ ಬಂತೆಂದು ಮನೆಯಲ್ಲಿ ಮಲಗಿಬಿಟ್ಟಿದ್ದೆ.

ಈ ಸಲ ನೀಲಕ್ಕೋರು ತಾವೇ ನಾಟಕ ಬರೆದರು. ಅಕೆಲೆ ಗುಜಾಯ್‌ಗೆ ಇಟಲಿಯ ಬಿಳಿಯರು ಬಂದದ್ದು, ತಮ್ಮ ದೇಶದ ಜನಕ್ಕೆ ಕೊಡಲೆಂದು ಹಳ್ಳಿಗಳ ಹೊಲ ಕಸಿದದ್ದು, ಅಲ್ಲಿನ ಒಬ್ಬ ನಾಯಕ ಅವರ ವಿರುದ್ಧ ಎದ್ದು, ಟೆಲಿಗ್ರಾಫ್ ತಂತಿ ಕತ್ತರಿಸಿ, ಅಧಿಕಾರಿಯನ್ನು ಸೆರೆಹಿಡಿದು, ಕೊನೆಗೆ ಕಾಳಗದಲ್ಲಿ ಸತ್ತದ್ದು. ಅವನು ಸತ್ತ ಮೇಲೂ ಜನ ಬಗ್ಗಲಿಲ್ಲ. ಸ್ವಲ್ಪ ಕಾಲದಲ್ಲೇ ಬಿಳಿಯರು ಹೊಲ ಕಸಿಯುವ ಕೆಲಸ ಬಿಡಬೇಕಾಯಿತು. ಇದೆಲ್ಲ ನಡೆದ ಸಂಗತಿ ಎಂದರು.

ನಾಯಕ ತಾನೇ ಎಂದು ಬಸು ಎದೆ ಮುಂದೆ ಮಾಡಿ ನಿಂತಿದ್ದ. ಅಕ್ಕೋರು ನನ್ನ ಕಡೆ ಬೆರಳು ಮಾಡಿದರು.

"ಅಕ್ಕೋರ, ಆಕಿ ಹುಡಿಗಿ ಅದಾಳ್ರಿ!"

"ಗಂಟಲಾ ಯಾರದು ದೊಡ್ಡದು? ನೀ ಕೂಗು ನೋಡೂಣು."

ಬಸು ಕೂಗಿದ. ಆಮೇಲೆ ನಾನು ಕೂಗಿದೆ. ಅಟ್ಟಣಿಗೆಯ ಮೇಲೆ ನಿಂತು ಗಿಳಿ, ಹಂದಿ ಓಡಿಸಿ ಬೆಳೆದ ಗಂಟಲು ಅದು. ಪಕ್ಕದ ವರ್ಗದ ಮಾಸ್ತರು ಏನಾಯಿತೆಂದು ಓಡಿಬಂದರು. ಮಾತು ಅಲ್ಲಿಗೆ ಮುಗಿಯಿತು. ಬಸು ಬಿಳಿಯ ಅಧಿಕಾರಿಯಾದ. "ನಿನಗ ಮಾತ್ರ ಬಣ್ಣಾ ಹಚ್ಚಬೇಕಪಾ, ಮುಖದ ತುಂಬ ಹಿಟ್ಟು" ಎಂದು ಅಕ್ಕೋರು ಹೇಳಿದಾಗ ನನಗೆ ಆದ ಸಂತೋಷವನ್ನು ಈಗಲೂ ಅಳೆಯಲಾರೆ.

ತಾಲೀಮು ಅಕ್ಕೋರ ಮನೆಯ ಹಿತ್ತಲಲ್ಲಿ ನಡೆಯುತ್ತಿತ್ತು. ನಾವು ಹೋಗುವ ಹೊತ್ತಿಗೆ ಅವರು ಹಂಚಿನ ಮೇಲೆ ಹಸಿ ಕಾಫಿ ಬೀಜ ಹುರಿಯುತ್ತಿರುತ್ತಿದ್ದರು. ಬೆಲ್ಲದ ಚಹಾ ಬಿಟ್ಟು ಬೇರೆ ಗೊತ್ತಿಲ್ಲದ ನಮ್ಮ ಊರಿನಲ್ಲಿ ಆ ಸುವಾಸನೆ ಓಣಿಯ ತುದಿಗೇ ಬಂದು ಕೈಹಿಡಿದು ಕರೆಯುತ್ತಿತ್ತು. ಹುರಿದ ಬೀಜದ ಹೊಗೆಯನ್ನು ಒಬ್ಬೊಬ್ಬರ ಮೂಗಿನ ಮುಂದೆ ಹಿಡಿಯುವುದು ಅಲ್ಲಿನ ಪದ್ಧತಿಯಂತೆ. ಜೊತೆಗೆ ಗೋವಿನಜೋಳದ ಅಳ್ಳು.

ಸಭೆಯ ದೃಶ್ಯದಲ್ಲಿ ಹಿರಿಯರು ಊಟ ಮಾಡಬೇಕು. ಅಲ್ಲಿನವರು ಅಗಲವಾದ ಹುಳಿರೊಟ್ಟಿ ಮಾಡಿ, ಒಂದೇ ತಾಟಿನ ಸುತ್ತ ಕೂತು ಎಲ್ಲರೂ ಅದರಲ್ಲೇ ಕೈಹಾಕಿ ತಿನ್ನುತ್ತಾರೆ ಎಂದರು ಅಕ್ಕೋರು. ಹಾಗೆಂದವರು ಸುಮ್ಮನಾಗದೆ, ಹುಳಿಬಂದ ಹಿಟ್ಟಿನ ದೊಡ್ಡ ದೋಸೆ ಹೊಯ್ದು, ಹಿತ್ತಾಳೆಯ ಪರಾತದಲ್ಲಿ ಹಾಸಿ, ನಡುವೆ ಬೇಳೆಪಲ್ಯ ಸುರಿದು ನಮ್ಮೆಲ್ಲರ ಮಧ್ಯೆ ಇಟ್ಟರು.

ಒಬ್ಬರೂ ಕೈಹಾಕಲಿಲ್ಲ. ಶಾಲೆಯಲ್ಲಿ ಬುತ್ತಿ ಬಿಚ್ಚುವಾಗ ನಮ್ಮ ವಾಡದವರು ಹುಣಸೆಮರದ ಕೆಳಗೆ, ಊರವರು ಕಟ್ಟೆಯ ಮೇಲೆ. ಯಾರೂ ಹೇಳಿಕೊಟ್ಟದ್ದಲ್ಲ, ಎಲ್ಲರಿಗೂ ಗೊತ್ತಿದ್ದದ್ದು. ಅಕ್ಕೋರು ತಾವೇ ಒಂದು ತುಂಡು ಮುರಿದು ಪಲ್ಯ ಅದ್ದಿ ನನ್ನ ಬಾಯಿಗೆ ಇಟ್ಟರು. ಅದೂ ಅಲ್ಲಿನ ಪದ್ಧತಿಯಂತೆ. ಆಮೇಲೆ ನಾನೂ ಒಂದು ತುಂಡು ಮುರಿದೆ. ಯಾರಿಗೆ ಕೊಡಲಿ ಎಂದು ತಿಳಿಯದೆ ಎದುರಿಗಿದ್ದ ಬಸುನ ಬಾಯಿಯ ಹತ್ತಿರ ಹಿಡಿದೆ. ಅವನು ನನ್ನ ಕೈ ನೋಡಿದ, ಬಾಗಿಲ ಕಡೆ ನೋಡಿದ, ಆಮೇಲೆ ಗಬಕ್ಕನೆ ಬಾಯಿ ಹಾಕಿ ನನ್ನ ಬೆರಳನ್ನೂ ಕಚ್ಚಿದ. "ಖಾರ ಕಡಿಮಿ ಆಗೇತ್ರಿ, ಅಕ್ಕೋರ" ಎಂದ. ಮುಂದೆ ಪರಾತ ಖಾಲಿಯಾಗಲು ಹೊತ್ತು ಹಿಡಿಯಲಿಲ್ಲ.

ಇಷ್ಟೆಲ್ಲ ಚೆಂದ ನಡೆದಿದ್ದಾಗ ಅಪ್ಪ ಕುಳಗಿಯಿಂದ ಬಂದ. ನಾಟಕದ ಸುದ್ದಿ ಕೇಳಿದ್ದೇ ಅವನ ಮುಖ ಗಂಟಿಕ್ಕಿತು. "ಬ್ಯಾಡ" ಎಂದ. ನಾನು ಅತ್ತೆ. ಅವನು ಇನ್ನೊಮ್ಮೆ "ಬ್ಯಾಡ ಅಂದ್ರ ಬ್ಯಾಡ" ಎಂದು ಅಂಗಿ ತೊಟ್ಟು, ನನ್ನನ್ನೂ ಕರೆದುಕೊಂಡು ಅಕ್ಕೋರ ಮನೆಗೆ ಹೊರಟ.

ಅಪ್ಪ ಅಂಗಳದಲ್ಲೇ ನಿಂತ. ಒಳಗೆ ಬಾ ಎಂದರೆ "ಇಲ್ಲೇ ಛಲೋ ಐತ್ರಿ" ಎಂದ. ಅಕ್ಕೋರು ಒತ್ತಾಯ ಮಾಡಲಿಲ್ಲ. ತಾವೇ ಹೊರಗೆ ಬಂದು, ಅವನನ್ನೂ ಕಟ್ಟೆಯ ಮೇಲೆ ಕೂಡಿಸಿ ಪಕ್ಕದಲ್ಲಿ ಕೂತರು.

"ನನ್ನ ಮಗಳನ್ನ ಆಟದಾಗ ಹಾಕಬ್ಯಾಡ್ರಿ."

"ಯಾಕಪಾ ಬಸ್ತ್ಯಾಂವ?"

"ಸಣ್ಣಾಂವಿದ್ದಾಗ ಇದ ಸಾಲ್ಯಾಗ ನನ್ನ ರಾಕ್ಷಸನ್ನ ಮಾಡಿದ್ರು. ಆಟದಾಗ ಒಂದ ದಿವ್ಸ ರಾಕ್ಷಸ ಆದ್ನಿ. ಊರಾಗ ದಿನಾ ಅದನ್ನ ಅಂದ್ರು. ಸಾಲಿ ಬಿಟ್ಟಬಿಟ್ನಿ." ಅಪ್ಪ ಅದನ್ನು ನಮ್ಮ ಮುಂದೆ ಎಂದೂ ಹೇಳಿರಲಿಲ್ಲ.

"ಈ ಆಟದಾಗ ಆಕಿ ರಾಕ್ಷಸಿ ಅಲ್ಲ. ಊರಿನ ಮುಂದಾಳು."

ಅಪ್ಪ ನೆಲ ನೋಡುತ್ತ ಕೇಳಿದ, "ಅಕ್ಕೋರ, ಒಂದ ಮಾತು ಖರೇ ಹೇಳ್ರಿ. ನಾವು ಅಲ್ಲಿಂದ ಬಂದವ್ರೇನ್ರಿ? ಆ ಗುಡ್ಡದ ಮ್ಯಾಲಿಂದ?"

ಆ ತಿಂಗಳುಗಳಲ್ಲಿ ನಾನು ಹೌದೆಂದೇ ನಂಬಿದ್ದೆ. ಕಲ್ಲಿನ ಕಂಬಗಳು ನಮ್ಮವು, ಮೋಡದ ಮೇಲಿನ ಬಯಲು ನಮ್ಮದು.

"ಗೊತ್ತಿಲ್ಲಪಾ" ಎಂದರು ಅಕ್ಕೋರು. "ಆಫ್ರಿಕಾ ಭಾಳ ದೊಡ್ಡದು. ನಿಮ್ಮ ಹಿರೇರನ್ನ ಗೋವಾಕ ತಂದವ್ರು, ಇನ್ನೂ ದೂರ, ದಕ್ಷಿಣದ ಕಡಿಂದ ತಂದಿರಬೇಕು ಅನಸ್ತದ ನನಗ. ಹಿಡಕೊಂಡ ಬಂದವ್ರು ಯಾರನ್ನೂ ನಿಮ್ಮೂರು ಯಾವುದು ಅಂತ ಕೇಳಲಿಲ್ಲ. ಹೌದು ಅಂತ ಅಂದ್ರ ನಿನಗೂ ಛಲೋ ಅನಸ್ತದ, ಈ ಹುಡಿಗೀಗೂ ಛಲೋ ಅನಸ್ತದ. ಆದ್ರ ಸುಳ್ಳ ಹೆಂಗ ಹೇಳಲಿ?"

"ಮತ್ತ ಈ ಆಟ ನಮಗ್ಯಾಕ್ರಿ?"

"ಹೊಲಾ ಕಳಕೊಂಡ ಮಂದೀ ಕತಿ ಐತದು. ಯಾರದು ಅಂತ ನಿಮ್ಮವ್ವನ್ನ ಕೇಳು."

ಅಕ್ಕೋರು ಕಾಫಿ ತಂದು ಕೊಟ್ಟರು. ಕಹಿಗೆ ಅಪ್ಪ ಮುಖ ಕಿವುಚಿದ. ಅವರು ನಕ್ಕು ಮತ್ತೆ ಸುರಿದರು. ಮೂರನೆಯ ಸಲ ಸುರಿಯುವಾಗ, ಇದು ಆಶೀರ್ವಾದದ ಬಟ್ಟಲು, ಬಿಟ್ಟು ಏಳಬಾರದು ಎಂದರು. ಅಪ್ಪ ಕುಡಿದು, ಬಟ್ಟಲನ್ನು ತೊಳೆದಿಡಲು ಎದ್ದ. ಅಕ್ಕೋರು ಅದನ್ನು ಅವನ ಕೈಯಿಂದ ಇಸಿದುಕೊಂಡು ಒಳಗೆ ಒಯ್ದರು.

ಕಾಡಿನ ದಾರಿಯಲ್ಲಿ ನಾನು ಮುಖ ಊದಿಸಿಕೊಂಡು ಹಿಂದೆ ನಡೆಯುತ್ತಿದ್ದೆ. ಅಪ್ಪ ತಿರುಗದೆಯೇ ಹೇಳಿದ, "ಆಕಿ ಸುಳ್ಳ ಹೇಳಲಿಲ್ಲ."

ಸ್ವಲ್ಪ ದೂರ ಹೋದ ಮೇಲೆ ಕೇಳಿದ, "ನಿನ್ನ ದಂಡಿಗೆ ಡೋಲು ಯಾರು ಬಾರಸ್ತಾರ?"

ನಾನು ಓಡಿಹೋಗಿ ಅವನ ಬೆನ್ನು ಹತ್ತಿದೆ.

ಗ್ಯಾದರಿಂಗನ್ನು ಹಗಲಿನಲ್ಲೇ ಇಟ್ಟಿದ್ದರು. ಕಾಡುದಾರಿಯ ಮಕ್ಕಳು ಬೆಳಕಿರುವಾಗಲೇ ಮನೆ ಸೇರಬೇಕಿತ್ತು. ಶಾಲೆಯ ಕಟ್ಟೆಯೇ ರಂಗ. ದುಪ್ಪಟಿಯ ಪರದೆ. ಸಭೆಯ ಮರಕ್ಕೆಂದು ಅಪ್ಪನೇ ದೊಡ್ಡ ಅತ್ತಿಕೊಂಬೆ ಕಡಿದು ತಂದು ನೆಟ್ಟಿದ್ದ. ಮುಂದೆ ಕುರ್ಚಿಗಳಲ್ಲಿ ಗೌಡರು, ಊರ ಹಿರಿಯರು. ಹಿಂದೆ ಜಮಖಾನೆಯ ಮೇಲೆ ಊರವರು. ಎಲ್ಲಕ್ಕಿಂತ ಹಿಂದೆ, ಗೋಡೆಗೆ ಒರಗಿ, ನಮ್ಮ ವಾಡದವರು. ಅಕ್ಕೋರು ಆ ಗುಡ್ಡದ ನಾಡಿನಿಂದ ತಂದಿದ್ದ, ಅಂಚಿಗೆ ಬಣ್ಣದ ನೇಯ್ಗೆಯಿದ್ದ ತೆಳು ಬಿಳಿ ಹೊದಿಕೆಯನ್ನು ನನ್ನ ಹೆಗಲಿಗೆ ಹೊದಿಸಿದರು.

ಬಸು ರಂಗಕ್ಕೆ ಬಂದ. ಜೋಳದ ಹಿಟ್ಟು ಬಳಿದ ಮುಖ, ಯಾರದೋ ಖಾಕಿ ಕೋಟು, ಕೈಯಲ್ಲಿ ಬೆತ್ತ. ಜನ ಬಿದ್ದುಬಿದ್ದು ನಕ್ಕರು. ಅವನು ಗಂಭೀರವಾಗಿ, "ಇವತ್ತಿಂದ ಈ ಹೊಲಾ ಎಲ್ಲಾ ನಮ್ಮ ಸರಕಾರದ್ದು!" ಎಂದ. ಎಂದವನೇ ಹಿಟ್ಟು ಮೂಗಿಗೆ ಹೋಗಿ ಜೋರಾಗಿ ಸೀನಿದ. ಮತ್ತೆ ನಗು.

ನಾನು ಅತ್ತಿಕೊಂಬೆಯ ಕೆಳಗೆ ಎದ್ದು ನಿಂತೆ. ಇದ್ದ ಗಂಟಲನ್ನೆಲ್ಲ ಸೇರಿಸಿ ಕೇಳಿದೆ:

"ಈ ಹೊಲಾ ಯಾರದು?"

ಸಭೆಯ ಹಿರಿಯರಾಗಿದ್ದ ಹುಡುಗರು "ಊರಿಂದು" ಎಂದು ಹೇಳಬೇಕಿತ್ತು. ಅವರು ಬಾಯಿ ತೆರೆಯುವ ಮೊದಲೇ ಗೋಡೆಯ ಕಡೆಯಿಂದ ಒಂದು ದನಿ ಬಂತು.

"ನಮ್ಮದು!"

ಅಜ್ಜಿ. ಸೊಂಟಕ್ಕೆ ಸೆರಗು ಸಿಕ್ಕಿಸಿ ಎದ್ದು ನಿಂತಿದ್ದಳು. ಜನ ತಿರುಗಿ ನೋಡಿದರು. ನಗಬೇಕೋ ಬೇಡವೋ ಎಂದು ತಿಳಿಯದ ಒಂದು ಗಳಿಗೆ. ನಾನು ಏನು ಮಾಡಬೇಕೆಂದು ಗೊತ್ತಾಗದೆ ಮತ್ತೆ ಅದನ್ನೇ ಕೇಳಿದೆ. ಈ ಸಲ ವಾಡದವರೆಲ್ಲ ಒಟ್ಟಿಗೆ, "ನಮ್ಮದು!" ಎಂದರು. ಮೂರನೆಯ ಸಲ ಜಮಖಾನೆಯ ಮೇಲಿದ್ದ ಕೂಲಿಯವರೂ ಸೇರಿದರು. ಗೌಡರು ಕುರ್ಚಿಯಲ್ಲಿ ತಿರುಗಿ ಅಜ್ಜಿಯನ್ನು ಬಹಳ ಹೊತ್ತು ನೋಡಿದರು. ಆಮೇಲೆ ಮುಂದೆ ತಿರುಗಿ, ಎಲೆಯಡಿಕೆ ಜಗಿಯುತ್ತ ಕೂತರು. ಅವರ ಮನಸ್ಸಿನಲ್ಲಿ ಏನಿತ್ತೋ ಯಾರಿಗೂ ತಿಳಿಯಲಿಲ್ಲ.

ತಂತಿ ಕತ್ತರಿಸಿದ್ದಾಯಿತು, ಕಾಳಗ ಶುರುವಾಯಿತು. ಪರದೆಯ ಹಿಂದೆ ಪಟಾಕಿ ಸಿಡಿಯಿತು. ನಾನು ಎದೆ ಹಿಡಿದುಕೊಂಡು, ಕಲಿಸಿದ ಹಾಗೆಯೇ ಸುತ್ತಿ ಬಿದ್ದೆ. ಡಮಾಮಿ ಎಂಬ ನಮ್ಮ ದೊಡ್ಡ ಡೋಲನ್ನು ಅಪ್ಪ ನಿಧಾನವಾಗಿ, ಸಾವಿನ ಮನೆಯಲ್ಲಿ ಬಾರಿಸುವ ಹಾಗೆ ಬಾರಿಸತೊಡಗಿದ.

ಅಷ್ಟರಲ್ಲಿ ಯಾರೋ ಧಡಧಡ ಕಟ್ಟೆ ಹತ್ತಿದರು. ಕಣ್ಣು ಸ್ವಲ್ಪ ತೆರೆದು ನೋಡಿದರೆ ಅಜ್ಜಿಯ ಕಾಲು.

"ಏಳ ಮಗಳ! ಸಾಯಬ್ಯಾಡ, ಏಳು!"

ಪರದೆಯ ಹಿಂದಿನಿಂದ ಅಕ್ಕೋರ ಪಿಸುಮಾತು: "ಏಳಬ್ಯಾಡ ಫಿಲ್ಲು! ಇತಿಹಾಸದಾಗ ಅಂವ ಸತ್ತಾನ! ಆಟ ಇನ್ನೂ ಐತಿ!"

ನಾನು ಸತ್ತೇ ಇದ್ದೆ. ಆದರೆ ಅಪ್ಪನ ಕೈ ಬದಲಾಯಿತು. ಅಜ್ಜಿ ಕಟ್ಟೆ ಹತ್ತಿದ್ದನ್ನು ಕಂಡನೋ ಏನೋ, ಸಾವಿನ ಬಡಿತ ಒಮ್ಮೆಲೇ ನಮ್ಮ ಹಬ್ಬದ ಬಡಿತವಾಯಿತು. ಆ ಬಡಿತ ಕೇಳಿ ಸುಮ್ಮನೆ ಮಲಗುವ ಸಿದ್ದಿ ಇನ್ನೂ ಹುಟ್ಟಿಲ್ಲ. ಮೊದಲು ನನ್ನ ಹೆಬ್ಬೆರಳು ಅಲುಗಿತು, ಆಮೇಲೆ ಕಾಲು. ಜನ ಅದನ್ನು ಕಂಡು ಸಿಳ್ಳೆ ಹಾಕಿದರು. ಅಜ್ಜಿ ಕೈಹಿಡಿದು ಎಳೆದಳು, ನಾನು ಎದ್ದುಬಿಟ್ಟೆ.

ಬಸು ದಿಕ್ಕುತೋಚದೆ ಪರದೆಯ ಕಡೆ ಕೂಗಿದ: "ಅಕ್ಕೋರ, ಆಕಿ ಎದ್ದಳ್ರಿ! ಈಗ ನಾ ಏನ್ ಮಾಡಲಿ?"

ಅಕ್ಕೋರು ಒಳಗಿನಿಂದಲೇ ಕೂಗಿದರು: "ಓಡು!"

ಬಸು ಓಡಿದ. ಕಟ್ಟೆಯಿಂದ ಹಾರಿ, ಹಿಟ್ಟು ಚೆಲ್ಲುತ್ತ, ಕುರ್ಚಿಗಳನ್ನು ಸುತ್ತಿ ಬಯಲಿಗೆ ಓಡಿದ. ಶಾಲೆಯ ಮಕ್ಕಳೆಲ್ಲ ಹೋ ಎಂದು ಬೆನ್ನುಹತ್ತಿದರು. ವಾಡದ ಹೆಂಗಸರು ಕಟ್ಟೆ ಹತ್ತಿ ಪುಗಡಿ ಕುಣಿಯತೊಡಗಿದರು. ಕಟ್ಟೆ ಸಾಲದಾಗಿ ಕುಣಿತ ಬಯಲಿಗೆ ಇಳಿಯಿತು. ಯಾರೋ ಹೆಡ್‌ಮಾಸ್ತರ ಕೈ ಎಳೆದರು. ಅವರು ಟೋಪಿ ಹಿಡಿದುಕೊಂಡೇ ಒಂದು ಸುತ್ತು ಹಾಕಿದರು. ಹಿಡಿದು ತಂದ ಬಸುನನ್ನು ನಡುವೆ ಬಿಟ್ಟರು. ಹಿಟ್ಟು ಬೆವರು ಕೂಡಿ ಕಣಕವಾದ ಮುಖದಲ್ಲಿ ಅವನೂ ಕುಣಿದ. ಊರಿನ ಹೆಂಗಸರು ಮೊದಲು ಸೆರಗು ಬಾಯಿಗಿಟ್ಟು ನಕ್ಕರು, ಆಮೇಲೆ ಚಪ್ಪಾಳೆ ಹಿಡಿದರು, ಆಮೇಲೆ ಒಬ್ಬೊಬ್ಬರಾಗಿ ಎದ್ದರು.

ನಾನು ಅಕ್ಕೋರನ್ನು ಹುಡುಕಿಕೊಂಡು ಹೋದೆ. ಪರದೆಯ ಹಿಂದೆ ಒಬ್ಬರೇ ಕೂತು ನಗುತ್ತಿದ್ದರು. ಕಣ್ಣಿಂದ ನೀರೂ ಇಳಿಯುತ್ತಿತ್ತು.

"ಸಿಟ್ಟಾತೇನ್ರಿ? ನಾ ಎದ್ದಬಿಟ್ನಿ."

"ಇಲ್ಲವಾ. ಅಲ್ಲಿ ನನ್ನ ವರ್ಗದಾಗ ಹುಡುಗರಿದ್ರು, ನಿನ್ನಷ್ಟಾವು. ಎಷ್ಟ ಮಂದಿ ದಂಡಿಗೆ ಹೋದ್ರೋ, ಎಷ್ಟ ಮಂದಿ ಉಳದಾರೋ, ಏನೂ ಗೊತ್ತಿಲ್ಲ. ಒಂದ ಸಲ ಆದ್ರೂ ಯಾರಾದ್ರೂ ಎದ್ದರಲ್ಲ." ಸೆರಗಿನಿಂದ ಮುಖ ಒರೆಸಿಕೊಂಡು ಎದ್ದರು. "ನಡಿ, ಕುಣಿಯೂಣು."

ಎತ್ತರದ ಆ ಹೆಂಗಸಿಗೆ ಪುಗಡಿ ಬರುತ್ತಿರಲಿಲ್ಲ. ಹೆಗಲು ಕುಣಿಸುತ್ತ, ಗುಡ್ಡದ ಮೇಲೆ ಕಲಿತ ಬೇರೊಂದು ಕುಣಿತವನ್ನೇ ಕುಣಿದರು. ಅಪ್ಪ ಅದಕ್ಕೂ ಬಡಿತ ಹೊಂದಿಸಿದ.

ಮುಂದಿನ ವರ್ಷ ಕಾಯಂ ಮಾಸ್ತರು ಬಂದರು. ಅಕ್ಕೋರು ಧಾರವಾಡದ ಕಡೆ ಹೋದರು, ಅಲ್ಲೇ ತೀರಿಕೊಂಡರು ಎಂದು ಬಹಳ ತಡವಾಗಿ ಕೇಳಿದೆ. ಅಜ್ಜಿಯ ನೆಲ ತಿರುಗಿ ಬರಲಿಲ್ಲ. ಆದರೆ ಆ ಗ್ಯಾದರಿಂಗಿನ ನಂತರ ನನ್ನನ್ನು ಹಬಶಿ ಎಂದು ಕೂಗಿದವರಿಗೆ ನಾನು "ಹೌದು, ಏನೀಗ?" ಎನ್ನುತ್ತಿದ್ದೆ; ಕೂಗುವವರಿಗೇ ಅದರಲ್ಲಿ ರುಚಿ ಹೋಯಿತು. ನಾನು ಶಾಲೆ ಬಿಡಲಿಲ್ಲ. ಮುಂಡಗೋಡದ ಕಡೆ ಇತಿಹಾಸ ಕಲಿಸಿಯೇ ನಿವೃತ್ತಳಾದೆ.

ಆ ದೇಶ ಸ್ವತಂತ್ರವಾಯಿತು ಎಂದು ಪತ್ರಿಕೆಯಲ್ಲಿ ಓದಿದ ದಿನ ವರ್ಗದಲ್ಲಿ ಎಲ್ಲರಿಗೂ ಪೆಪ್ಪರಮೆಂಟು ಹಂಚಿದ್ದೆ. ಯಾಕೆಂದು ಮಕ್ಕಳಿಗೆ ತಿಳಿಯಲಿಲ್ಲ. ಆಮೇಲೆ ಅಲ್ಲಿನ ಹಳೆಯ ಪ್ರಾಂತಗಳನ್ನು ಒಡೆದು ಕೂಡಿಸಿ ಬೇರೆ ಹೆಸರಿಟ್ಟರು. ಈಗಿನ ಭೂಪಟದಲ್ಲಿ ಎಷ್ಟು ಹುಡುಕಿದರೂ ಅಕೆಲೆ ಗುಜಾಯ್ ಸಿಗುವುದಿಲ್ಲ. ನಮ್ಮ ಊರಿನಲ್ಲಿ ಆ ಹೆಸರು ಹೇಳಿ ಕುಂಟಾಬಿಲ್ಲೆ ಆಡಿದವರೂ ಒಬ್ಬೊಬ್ಬರಾಗಿ ಹೋಗುತ್ತಿದ್ದಾರೆ. ಬಸು ಹೋಗಿ ಎರಡು ಮಳೆಗಾಲವಾಯಿತು.

ಹೋದ ಚಳಿಗಾಲ ದಾಂಡೇಲಿಯ ಹತ್ತಿರ, ನದಿಯ ದಂಡೆಯ ರೆಸಾರ್ಟೊಂದರಲ್ಲಿ ನನ್ನ ತಮ್ಮನ ಮೊಮ್ಮಕ್ಕಳು ಕುಣಿಯುವುದನ್ನು ನೋಡಲು ಹೋಗಿದ್ದೆ. ಸೊಂಟಕ್ಕೆ ಎಲೆ ಕಟ್ಟಿದ್ದರು, ಮುಖಕ್ಕೆ ಬಿಳಿ ಗೆರೆ ಎಳೆದಿದ್ದರು. ನಮ್ಮ ಅಜ್ಜಿಯರು ಎಂದೂ ಹಾಗೆ ಎಲೆ ಕಟ್ಟಿದವರಲ್ಲ. ಹುಡುಗರು ಚೆನ್ನಾಗಿಯೇ ಕುಣಿದರು, ಸಂಬಳವೂ ಬರುತ್ತದೆ; ತಪ್ಪೆಂದು ನಾನು ಹೇಳಲಾರೆ. ಬಂದವರು ಕುರ್ಚಿಯಲ್ಲಿ ಕೂತು ಫೋನಿನಲ್ಲಿ ಚಿತ್ರ ಹಿಡಿದುಕೊಂಡರು, ಚಪ್ಪಾಳೆ ತಟ್ಟಿದರು, ಊಟಕ್ಕೆ ಎದ್ದು ಹೋದರು. ನಾನೂ ಅವರ ಸಾಲಿನಲ್ಲೇ ಒಂದು ಕುರ್ಚಿಯ ಮೇಲೆ ಕೂತಿದ್ದೆ.

ನಮ್ಮ ಶಾಲೆಯ ಬಯಲಿನಲ್ಲಿ ಆ ದಿನ, ಕೂತು ನೋಡಲಿಕ್ಕೆ ಅಂತ ಒಬ್ಬರೂ ಉಳಿದಿರಲಿಲ್ಲ.